ಅಕ್ಷರ ಹೆತ್ತ ಕಲ್ಲು

ಪ್ರಕೃತಿ ಬೇರೆ, ಸಂಸ್ಕೃತಿ ಬೇರೆ ಎಂದು ಈಗ ಶಾಲೆಯ ಮಕ್ಕಳೂ ಪ್ರಬಂಧ ಬರೆಯುತ್ತಾರೆ. ಗುಡ್ಡ, ಮಳೆ, ಮರ ಒಂದು ಕಡೆ. ಮನೆ, ಗುಡಿ, ಪುಸ್ತಕ ಇನ್ನೊಂದು ಕಡೆ. ಅಂಥ ಪ್ರಬಂಧಗಳನ್ನು ನಾನೇ ಎಷ್ಟೋ ವರ್ಷ ತಿದ್ದಿದ್ದೇನೆ, ಕೈತುಂಬ ಅಂಕವನ್ನೂ ಕೊಟ್ಟಿದ್ದೇನೆ. ಈಗ ವಯಸ್ಸಾಗಿದೆ, ಯಾರಿಗೂ ಅಂಕ ಕೊಡಬೇಕಾಗಿಲ್ಲ, ಆದ್ದರಿಂದ ಇದನ್ನು ಬರೆಯುವ ಧೈರ್ಯ ಬಂದಿದೆ. ಆ ಎರಡನ್ನೂ ಸೀಳಿ ಬೇರೆ ಮಾಡುವ ಕೆಲಸವನ್ನು ನಾನು ಒಮ್ಮೆ ಹತ್ತು ಜನರ ಎದುರಿಗೆ, ಉಳಿ ಸುತ್ತಿಗೆ ತರಿಸಿ, ನಿಂತು ಮಾಡಿಸಿದೆ. ಅದರ ಫಲ ನನ್ನ ಅಕ್ಕನ ಪಾಲಿಗೆ ಬಂತು.

ನಮ್ಮದು ಚಳ್ಳಕೆರೆಯಲ್ಲಿ ಕಂಬಳಿ ವ್ಯಾಪಾರದ ಮನೆ. ಹಟ್ಟಿಗಳಿಂದ ನೇಯ್ದು ತಂದ ಕಂಬಳಿಯನ್ನು ಅಪ್ಪ ಮೂಗಿನಿಂದಲೇ ಪರೀಕ್ಷೆ ಮಾಡುತ್ತಿದ್ದರು. ಹುಣಿಸೆ ಬೀಜದ ಗಂಜಿಯನ್ನು ನೂಲು ಹದವಾಗಿ ಕುಡಿದಿದೆಯೋ ಇಲ್ಲವೋ ಎಂದು ವಾಸನೆ ನೋಡಿ ಹೇಳುತ್ತಿದ್ದರು. ನನಗೆ ಆ ಮೂಗೂ ಇರಲಿಲ್ಲ, ಅಂಗಡಿಯಲ್ಲಿ ಕೂರುವ ತಾಳ್ಮೆಯೂ ಇರಲಿಲ್ಲ. ಅವ್ವ ತೀರಿಕೊಂಡಾಗ ನನಗೆ ಐದು ವರ್ಷ. ನನಗಿಂತ ಒಂಬತ್ತು ವರ್ಷಕ್ಕೆ ದೊಡ್ಡವಳಾದ ಅಕ್ಕನೇ ನನ್ನನ್ನು ಸಾಕಿದಳು. ಅವ್ವ ಎಂದರೆ ಇಂದಿಗೂ ನನ್ನ ಕಣ್ಣಿಗೆ ಬರುವುದು ಅಕ್ಕನ ಮುಖ. ಅವಳನ್ನು ಮೊಳಕಾಲ್ಮೂರು ಸೀಮೆಯ ಸಿದ್ದಾಪುರಕ್ಕೆ, ಹೊಲ ಮನೆ ಚೆನ್ನಾಗಿದ್ದ ಒಂದು ಶಿವಭಕ್ತರ ಮನೆಗೆ ಕೊಟ್ಟರು. ಗಾಡಿ ಹೊರಟಾಗ ನಾನು ಹಿಂದೆ ಓಡಿದೆನಂತೆ. ಅಪ್ಪ ನನ್ನನ್ನು ಎತ್ತಿಕೊಂಡು ಬಂದು ಕಂಬಳಿಯ ರಾಶಿಯ ಮೇಲೆ ಕೂರಿಸಿದರಂತೆ.

ಮುಂದೆ ನಾನು ಪರೀಕ್ಷೆ ಪಾಸು ಮಾಡಿ ಮೇಷ್ಟ್ರಾದೆ. ಈ ಶತಮಾನ ಹುಟ್ಟಿ ಆಗಿನ್ನೂ ಕೆಲವೇ ವರ್ಷವಾಗಿತ್ತು. ಎಲ್ಲಿಗೆ ಹೋಗುತ್ತೀಯೆಂದು ಇಲಾಖೆಯವರು ಕೇಳಿದಾಗ ಸಿದ್ದಾಪುರವೆಂದೆ. ಆ ಬಂಡೆಗಳ ಊರಿಗೆ ತಾನಾಗಿ ಕೇಳಿಕೊಂಡು ಹೋಗುವವರು ಯಾರೂ ಇರಲಿಲ್ಲವಾದ್ದರಿಂದ ತಕ್ಷಣ ಸಿಕ್ಕಿತು. ಅಕ್ಕನ ಮನೆಯಲ್ಲಿ ಊಟ, ಅವರ ದನದ ಕೊಟ್ಟಿಗೆಯ ಪಕ್ಕದ ಕೋಣೆಯಲ್ಲಿ ವಾಸ, ಊರ ಮುಂದಿನ ಮಂಟಪದಲ್ಲಿ ಶಾಲೆ. ಇಪ್ಪತ್ತೆರಡರ ವಯಸ್ಸು. ನನಗೆ ಗೊತ್ತಿಲ್ಲದ್ದು ಏನಾದರೂ ಇದೆಯೆಂದು ಯಾರಾದರೂ ಹೇಳಿದ್ದರೆ ಜಗಳಕ್ಕೆ ಹೋಗುತ್ತಿದ್ದೆ.

ಊರಿನಿಂದ ಸ್ವಲ್ಪ ದೂರ, ಗುಡ್ಡದ ಬುಡದಲ್ಲಿ, ಇಳಿಜಾರಾಗಿ ಮಲಗಿದ ಒಂದು ದೊಡ್ಡ ಬಂಡೆ ಇತ್ತು. ಅದನ್ನು ಅಕ್ಷರದ ಗುಂಡು ಎನ್ನುತ್ತಿದ್ದರು. ಅದರ ಮೈಮೇಲೆ ಸಾಲು ಸಾಲಾಗಿ ಗುರುತುಗಳಿದ್ದವು. ಕನ್ನಡವಲ್ಲ, ತೆಲುಗಲ್ಲ, ಊರಿನಲ್ಲಿ ಯಾರಿಗೂ ಓದಲು ಬರುತ್ತಿರಲಿಲ್ಲ, ಓದಬೇಕೆಂದು ಯಾರಿಗೂ ಅನ್ನಿಸಿಯೂ ಇರಲಿಲ್ಲ. ಎದುರಿಗೆ ಕಾಣುವ ಜಟಿಂಗ ರಾಮೇಶ್ವರದ ಬೆಟ್ಟದ ಮೇಲೂ ಅಂಥದೇ ಅಕ್ಷರದ ಬಂಡೆಯಿದೆ. ಅಲ್ಲಿ ಬಳೆಗಾರರು ಬಂಡೆಯಲ್ಲಿ ಕುಳಿ ತೋಡಿ, ಕೋಲು ನೆಟ್ಟು, ನೆರಳು ಮಾಡಿಕೊಂಡು ಬಳೆ ಹರಡುತ್ತಿದ್ದರು. ನಮ್ಮೂರಿನ ಗುಂಡಿಗೆ ಬೇರೆ ಕೆಲಸವಿತ್ತು.

ಆ ಕೆಲಸ ಮಾಡಿಸುತ್ತಿದ್ದವಳು ಸೂಲಗಿತ್ತಿ ಅಜ್ಜಿ. ಗುಡ್ಡದ ಕೆಳಗಿನ ಹಟ್ಟಿಯವಳು. ಮನೆಯಲ್ಲಿ ತೆಲುಗು, ಊರೊಳಗೆ ಕನ್ನಡ. ಸುತ್ತಲಿನ ನಾಲ್ಕಾರು ಊರಿನ ಮಕ್ಕಳೆಲ್ಲ ಅವಳ ಕೈಮೇಲೆ ಬಂದವರೇ. ಯಾವ ಹೆಂಗಸಿಗೆ ಹೆರಿಗೆ ಕಷ್ಟವಾಗುತ್ತದೆಂದು ತೋರಿತೋ, ಅವಳಿಗಾಗಿ ಅಜ್ಜಿ ಹಳ್ಳದಿಂದ ನೀರು ತಂದು, ಆ ಬಂಡೆಯ ಮೇಲೆ, ಅಕ್ಷರ ಇರುವಲ್ಲಿ ಮಾತ್ರ, ಸಣ್ಣಗೆ ಹುಯ್ಯುತ್ತಿದ್ದಳು. ಕೆಳಗೆ ಬಂಡೆಯ ಅಂಚಿಗೆ ಮುತ್ತುಗದ ಎಲೆಯೊಂದನ್ನು ಮಡಿಸಿ ಒತ್ತಿ ಹಿಡಿದು, ಇಳಿದು ಬರುವ ನೀರನ್ನು ತಾಮ್ರದ ತಂಬಿಗೆಗೆ ಬಿಡುತ್ತಿದ್ದಳು. ಆ ತಂಬಿಗೆಯನ್ನು ನೆಲಕ್ಕಿಡದೆ ಹೆರಿಗೆಯ ಮನೆಗೆ ಒಯ್ಯುತ್ತಿದ್ದಳು.

ನಾನು ಬಂದ ಹೊಸತರಲ್ಲಿ ಒಮ್ಮೆ ಅವಳನ್ನು ಬಂಡೆಯ ಹತ್ತಿರವೇ ಹಿಡಿದು ನಿಲ್ಲಿಸಿ ಕೇಳಿದೆ. "ಅಜ್ಜಿ, ಈ ಅಕ್ಷರ ಯಾರು ಬರೆದದ್ದು?"

"ಯಾರೂ ಬರ್ದಿಲ್ಲ ಮೇಷ್ಟ್ರೇ. ರಾಯಿ ಹೆತ್ತೈತೆ." ರಾಯಿ ಎಂದರೆ ಅವಳ ಮನೆಮಾತಿನಲ್ಲಿ ಕಲ್ಲು.

"ಕಲ್ಲು ಹೆರುತ್ತಾ?"

"ಹೆತ್ತೈತಲ್ಲ, ಕಾಣಂಗಿಲ್ವಾ? ಒಂದಲ್ಲ ಎರಡಲ್ಲ, ಇಷ್ಟು ಹೆತ್ತೈತೆ. ಸೂಲಗಿತ್ತಿ ಇಲ್ಲ, ಕುಡುಗೋಲು ಇಲ್ಲ, ಕೂಗಾಟ ಇಲ್ಲ. ಇಷ್ಟು ಗಟ್ಟಿ ಮೈಯಿಂದ ಇಷ್ಟು ಹೊರಗೆ ಬಂದಾವೆ ಅಂದ್ಮ್ಯಾಲೆ, ಇದರ ಮೈ ತೊಳೆದ ನೀರು ಕುಡಿದೋಳಿಗೆ ಒಂದು ಬರಾಕಿಲ್ವಾ?"

ನಾನು ನಕ್ಕೆ. ಅವಳೂ ನಕ್ಕಳು. ಇಬ್ಬರೂ ಒಬ್ಬರನ್ನೊಬ್ಬರು ದಡ್ಡರೆಂದು ತಿಳಿದುಕೊಂಡು ಸುಖವಾಗಿ ಮನೆಗೆ ಹೋದೆವು.

ಅಕ್ಕ ತನ್ನ ಎರಡು ಮಕ್ಕಳನ್ನೂ ಆ ನೀರು ಕುಡಿದೇ ಹೆತ್ತಿದ್ದಳು. ಅವಳಿಗೆ ಹೋಗಲು ತೌರಿರಲಿಲ್ಲ. ಚಳ್ಳಕೆರೆಯ ಮನೆಯಲ್ಲಿ ನಾವು ಗಂಡಸರಿಬ್ಬರೇ. ಬಾಣಂತಿಗೆ ಎಣ್ಣೆ ಒತ್ತುವವರು ಯಾರು, ಖಾರ ಕುಟ್ಟುವವರು ಯಾರು? ಆದ್ದರಿಂದ ಅತ್ತೆಯ ಮನೆಯೇ ಅವಳಿಗೆ ತೌರೂ ಆಗಿತ್ತು, ಅಜ್ಜಿಯೇ ಅವ್ವ. ನೀರಿನ ಮಾತು ತೆಗೆದು ನಾನು ಹಾಸ್ಯ ಮಾಡಿದರೆ ಅಕ್ಕ ಸಿಟ್ಟಾಗುತ್ತಿರಲಿಲ್ಲ. "ನಿನಗೇನೋ ಗೊತ್ತು ಅದು? ತಣ್ಣಗೆ ಗಂಟಲಾಗ ಇಳೀತೈತಲ್ಲ, ಆವಾಗ ಕಲ್ಲೇ ಹೆತ್ತೈತೆ, ನಾನೇನು ಅನ್ನಿಸ್ತೈತೆ ಕಣೋ," ಎಂದಳು ಒಂದು ಸಲ, ರೊಟ್ಟಿ ತಟ್ಟುತ್ತಾ. ಆ ಮಾತನ್ನು ನಾನು ಕಿವಿಯಲ್ಲಿ ಕೇಳಿದೆ ಅಷ್ಟೆ. ಒಳಗೆ ಬಿಟ್ಟುಕೊಳ್ಳಲಿಲ್ಲ.

ನಾನು ಹೋದ ಎರಡನೆಯ ವರ್ಷ ದೂರದ ಪಟ್ಟಣದಿಂದ ಒಬ್ಬ ಪಂಡಿತರು ಬಂದು ಬಂಡೆಯ ಹತ್ತಿರ ಡೇರೆ ಹಾಕಿದರು. ಹಳೆಯ ಲಿಪಿಗಳನ್ನು ಓದುವುದೇ ಅವರ ಕೆಲಸ. ಊರಿನಲ್ಲಿ ಓದು ಬರಹ ಬಲ್ಲವನೆಂದು ನನ್ನನ್ನು ಕರೆಸಿಕೊಂಡರು. ಶಾಲೆಗೆ ನಾಲ್ಕು ದಿನ ರಜೆ ಕೊಟ್ಟು ನಾನು ಅವರ ಹಿಂದೆಯೇ ತಿರುಗಿದೆ. ಅವರು ಮೊದಲು ಬಂಡೆಯನ್ನು ನಾರಿನ ಕುಂಚದಿಂದ ಉಜ್ಜಿ, ಕೊಡಗಟ್ಟಲೆ ನೀರು ಹುಯ್ದು ತೊಳೆಸಿದರು. ಆ ಸುದ್ದಿ ಅದು ಹೇಗೆ ಊರು ಸೇರಿತೋ, ನಾಲ್ಕಾರು ಹೆಂಗಸರು ಬಿಂದಿಗೆ ಹಿಡಿದು ಓಡಿ ಬಂದರು. ಇಷ್ಟೊಂದು ನೀರು ಸುಮ್ಮನೆ ನೆಲಕ್ಕೆ ಹೋಗುತ್ತಿದೆಯಲ್ಲ ಎಂದು ಅಜ್ಜಿ ಪೇಚಾಡಿದಳು. ಪಂಡಿತರು ನಗುತ್ತಾ, ಹಿಡಿದುಕೊಳ್ಳಲಿ ಬಿಡಿ, ಎಂದರು. ಅವರು ಒಳ್ಳೆಯವರು. ಕೆಟ್ಟವರಾಗಿದ್ದರೆ ನನಗೆ ಈಗ ಬೈಯಲು ಒಬ್ಬರಾದರೂ ಸಿಗುತ್ತಿದ್ದರು.

ಆಮೇಲೆ ಅವರು ದೊಡ್ಡ ಕಾಗದವನ್ನು ನೆನೆಸಿ ಬಂಡೆಗೆ ಹಚ್ಚಿ, ಕುಂಚದಿಂದ ಬಡಿದು ಅಕ್ಷರದ ಕುಳಿಗಳಿಗೆಲ್ಲ ಕೂರಿಸಿ, ಮೇಲೆ ಮಸಿ ಒತ್ತಿದರು. ಅಕ್ಷರ ಬೆಳ್ಳಗೆ, ಉಳಿದದ್ದೆಲ್ಲ ಕಪ್ಪಗೆ ಎದ್ದು ಬಂತು. ಒಣಗಿದ ಮೇಲೆ ಕಾಗದವನ್ನು ಬಿಡಿಸಿ ಸುರುಳಿ ಸುತ್ತಿ ತಗಡಿನ ಕೊಳವೆಯೊಳಗೆ ಹಾಕಿಕೊಂಡರು. ಅಜ್ಜಿ ಅದನ್ನು ನೋಡುತ್ತಾ ನಿಂತಿದ್ದಳು. "ಕಲ್ಲು ಇಲ್ಲೇ ಬಿಟ್ಟು ಅಕ್ಷರ ಹೋಗ್ತೈತಾ?" ಎಂದು ನನ್ನನ್ನು ಕೇಳಿದಳು. ಹೋಗುತ್ತದೆ, ಪಟ್ಟಣದಲ್ಲಿ ಕೂತು ಓದುತ್ತಾರೆ, ಎಂದೆ. ಕಲ್ಲು ಒಂದು, ಅಕ್ಷರ ಇನ್ನೊಂದು ಎಂದು ಅವಳಿಗೆ ಮೊದಲು ಹೊಳೆದದ್ದು ಬಹುಶಃ ಆಗ. ಅದಕ್ಕೂ ಮುಂಚೆ ಕಲ್ಲಿನಿಂದ ಅಕ್ಷರವನ್ನು ಎತ್ತಿಕೊಂಡು ಹೋಗಬಹುದೆಂದು ಯಾರೂ ಅವಳಿಗೆ ತೋರಿಸಿರಲಿಲ್ಲ.

ಹೊರಡುವ ಮುಂಚೆ ಪಂಡಿತರು ಅಕ್ಷರಗಳ ಅರ್ಥವನ್ನು ನನಗೆ ಹೇಳಿದರು, ನಾನು ಪುಸ್ತಕದಲ್ಲಿ ಕನ್ನಡದಲ್ಲಿ ಬರೆದುಕೊಂಡೆ. ಎರಡು ಸಾವಿರ ವರ್ಷಕ್ಕೂ ಹಿಂದೆ, ಬಹಳ ದೂರದ ಒಬ್ಬ ದೊರೆ ಬರೆಸಿದ್ದು. ತಂದೆ ತಾಯಿಯ ಮಾತು ಕೇಳಬೇಕು, ಜೀವಗಳ ಮೇಲೆ ದಯೆ ಇರಬೇಕು, ನಿಜ ಹೇಳಬೇಕು, ಗುರುವಿಗೆ ಮರ್ಯಾದೆ ಕೊಡಬೇಕು. ಕೊನೆಯಲ್ಲಿ ಬರೆದವನು ತನ್ನ ಹೆಸರನ್ನೂ ಹಾಕಿಕೊಂಡಿದ್ದಾನೆ. ನನಗೆ ಮೈ ಜುಮ್ಮೆಂದಿತು. ನಿಜ ಹೇಳುತ್ತೇನೆ, ಆ ದಿನದ ಸಂತೋಷವನ್ನು ನಾನು ಇವತ್ತಿಗೂ ಹಳಿಯಲಾರೆ. ಎರಡು ಸಾವಿರ ವರ್ಷದ ಹಿಂದಿನ ಒಬ್ಬ ಮನುಷ್ಯ ನೇರವಾಗಿ ನನ್ನ ಜೊತೆ ಮಾತಾಡಿದ ಹಾಗೆ ಆಯಿತು. ಆ ಸಂತೋಷ ನನ್ನೊಳಗೇ ಉಳಿಯಬಾರದಿತ್ತೇ?

ಉಳಿಯಲಿಲ್ಲ. ಅಕ್ಕ ಆಗ ಮೂರನೆಯ ಬಸುರಿ, ಐದು ತಿಂಗಳು. ಅಜ್ಜಿ ಅವಳ ಕಾಲಿಗೆ ಎಣ್ಣೆ ಹಚ್ಚಲು ಬಂದಿದ್ದಳು. ಭಾವ, ಅಂದರೆ ಅಕ್ಕನ ಗಂಡ, ಜಗಲಿಯಲ್ಲಿ ಹಗ್ಗ ಹೊಸೆಯುತ್ತಾ ಕೂತಿದ್ದರು. ನಾನು ಪುಸ್ತಕ ಬಿಡಿಸಿ ದೊಡ್ಡ ದನಿಯಲ್ಲಿ ಎಲ್ಲವನ್ನೂ ಓದಿದೆ. ಎಲ್ಲರೂ ಬಾಯಿ ಬಿಟ್ಟು ಕೇಳುತ್ತಾರೆಂದುಕೊಂಡಿದ್ದೆ.

"ಲೇ ಮೇಷ್ಟ್ರು, ಅಷ್ಟು ದೂರದಿಂದ ಆ ರಾಜ ನಮ್ಮೂರಿಗೆ ಯಾಕಪ್ಪಾ ಬಂದಿದ್ದ, ನಿಮ್ಮಪ್ಪನ ತಾವ ಕಂಬಳಿ ಕೊಳ್ಳಾಕಾ?" ಎಂದರು ಭಾವ.

ಅಜ್ಜಿಯಂತೂ ಎಣ್ಣೆಯ ಕೈ ನಿಲ್ಲಿಸದೆ, "ತಂದೆ ತಾಯಿ ಮಾತು ಕೇಳ್ಬೇಕು ಅನ್ನಾಕೆ ಕಲ್ಲು ಬೇಕಿತ್ತಾ? ಬಾಯಾಗ ಹೇಳಿದ್ರೆ ಸಾಲ್ತಿರ್ಲಿಲ್ವಾ?" ಎಂದಳು.

"ಬರೆದವನ ಹೆಸರೂ ಇದೆ ಅಜ್ಜಿ."

"ಹೆತ್ತೋರು ಹೆಸರು ಬರ್ಕಂತಾರಾ?"

ಎಲ್ಲರೂ ನಕ್ಕರು. ಅಕ್ಕನೂ ನಕ್ಕಳು, ಹೊಟ್ಟೆ ಹಿಡಿದುಕೊಂಡು. ನನ್ನ ಮುಖ ಕೆಂಪಾಯಿತು. ನನ್ನ ಸಿಟ್ಟು ಹುಟ್ಟುಗುಣ. ಅಪ್ಪನಿಂದ ಮೂಗು ಬರಲಿಲ್ಲ, ಅದರ ತುದಿಯ ಮೇಲಿನ ಕೋಪ ಬಂತು. ನಾಳೆ ಎಲ್ಲರೂ ಗುಂಡಿನ ಹತ್ತಿರ ಬನ್ನಿ, ಕಲ್ಲು ಹೇಗೆ ಹೆರುತ್ತದೆ ತೋರಿಸುತ್ತೇನೆ, ಎಂದು ಪುಸ್ತಕ ಮುಚ್ಚಿದೆ.

ಊರೂರು ತಿರುಗಿ, ಸವೆದ ಬೀಸುಕಲ್ಲುಗಳಿಗೆ ಉಳಿ ಹೊಡೆದು ಮತ್ತೆ ಒರಟು ಮಾಡಿಕೊಡುವ ಕಲ್ಲುಕುಟಿಗನೊಬ್ಬ ಆ ವಾರ ಊರಿನಲ್ಲಿದ್ದ. ಮರುದಿನ ಬೆಳಿಗ್ಗೆ ಅವನನ್ನು ಕರೆದುಕೊಂಡು ಹೋದೆ. ಅಜ್ಜಿ ಬಂದಳು, ಭಾವ ಬಂದರು, ಶಾಲೆಯ ಮಕ್ಕಳು, ದನ ಬಿಟ್ಟುಕೊಂಡು ಹೊರಟವರು, ಹೀಗೆ ಹತ್ತು ಹನ್ನೆರಡು ಜನ ಸೇರಿದರು. ಅಕ್ಷರದ ಗುಂಡಿನಿಂದ ಸ್ವಲ್ಪ ದೂರದಲ್ಲಿ ಅಂಥದೇ ಇನ್ನೊಂದು ಬಂಡೆಯಿತ್ತು, ಮೈಮೇಲೆ ಏನೂ ಇಲ್ಲದ್ದು. ಹಳೆಯ ಅಕ್ಷರಗಳಲ್ಲಿ ಒಂದು, ಕೂಡುವ ಲೆಕ್ಕದ ಗುರುತಿನಂಥದು, ಅದನ್ನು ಕಲ್ಲುಕುಟಿಗನಿಗೆ ತೋರಿಸಿ, ಇದೇ ಅಳತೆಯದನ್ನು ಇಲ್ಲಿ ಹೊಡಿ, ಎಂದೆ. ಅವನು ಎಲೆ ಅಡಿಕೆ ಅಗಿದು ಉಗುಳುವಷ್ಟರಲ್ಲಿ ಹೊಡೆದು ಮುಗಿಸಿದ. ಎರಡೂ ಒಂದೇ ಥರ ಇದ್ದವು. ಬೇರೆ ಎಂದರೆ ಬಣ್ಣ ಮಾತ್ರ. ಇದು ಹೊಸತು, ಬೆಳ್ಳಗಿತ್ತು.

"ನೋಡಿದಿರಾ?" ಎಂದೆ.

ಯಾರೂ ನಗಲಿಲ್ಲ. ಅಜ್ಜಿ ಹತ್ತಿರ ಹೋಗಿ, ಕೂತು, ಆ ಬಿಳಿಯ ಗೆರೆಯೊಳಗೆ ಬೆರಳಿಟ್ಟಳು. ಬೆರಳಿಗೆ ಹತ್ತಿದ ಕಲ್ಲಿನ ಪುಡಿಯನ್ನು ಮೂಸಿ ನೋಡಿದಳು. ಹೊಸದಾಗಿ ಒಡೆದ ಕಲ್ಲಿಗೆ ಸುಟ್ಟಂಥ ಒಂದು ವಾಸನೆ ಇರುತ್ತದೆ.

"ಆ ದೊಡ್ಡದ್ರ ಮ್ಯಾಲಿನವೂ ಹಿಂಗೇನಾ?" ಎಂದಳು.

"ಹೌದು."

"ಅಷ್ಟೂವಾ?"

"ಅಷ್ಟೂ, ಅಜ್ಜಿ. ಒಂದೊಂದನ್ನೂ ಹೀಗೆಯೇ ಉಳಿ ಹೊಡೆದು."

ಅವಳು ಬೆರಳಿನ ಪುಡಿಯನ್ನು ಸೆರಗಿಗೆ ಒರೆಸಿಕೊಂಡಳು. ಆಮೇಲೆ, "ಹಂಗಾರೆ ಇಷ್ಟು ದಿನ ನಾನು ಗಾಯ ತೊಳೆದು ಕುಡಿಸ್ತಿದ್ನಾ?" ಎಂದಳು.

ನನ್ನನ್ನು ಕೇಳಿದ್ದಲ್ಲ ಅದು. ಎದ್ದು ಸೀರೆ ಕೊಡವಿಕೊಂಡು ಹಟ್ಟಿಯ ದಾರಿ ಹಿಡಿದಳು. ನಾನು ಗೆದ್ದೆ ಎಂದುಕೊಂಡೆ. ಕಲ್ಲುಕುಟಿಗನ ಬೆನ್ನು ತಟ್ಟಿದೆ, ಮಕ್ಕಳಿಗೆ ಅಲ್ಲಿಯೇ ಒಂದು ಪಾಠ ಮಾಡಿದೆ. ಮನುಷ್ಯ ಮಾಡಿದ್ದು ಯಾವುದು, ತಾನಾಗಿ ಆದದ್ದು ಯಾವುದು ಎಂದು ಬೇರೆ ಬೇರೆ ಮಾಡಿ ನೋಡುವುದೇ ತಿಳಿವಳಿಕೆಯ ಮೊದಲ ಮೆಟ್ಟಿಲು ಎಂದೆ. ಆ ವಾಕ್ಯ ನನಗೆ ಬಹಳ ಚೆನ್ನಾಗಿ ಕೇಳಿಸಿತ್ತು.

ಹೋದ ವರ್ಷ ಬೇರೆ ಕೆಲಸಕ್ಕೆ ಆ ಕಡೆ ಹೋದಾಗ ಎರಡು ಬಂಡೆಗಳನ್ನೂ ನೋಡಿಕೊಂಡು ಬಂದೆ. ನಾನು ಹೊಡೆಸಿದ ಅಕ್ಷರ ಇಷ್ಟು ವರ್ಷ ಮಳೆ ಬಿಸಿಲು ಕಂಡಿದ್ದರೂ ಇನ್ನೂ ಪೂರ್ತಿ ಬಣ್ಣ ತಿರುಗಿಲ್ಲ, ದೂರಕ್ಕೆ ಬೆಳ್ಳಗೆ ಕಾಣುತ್ತದೆ. ದೊರೆಯ ಅಕ್ಷರಗಳು ಕಲ್ಲಿನ ಬಣ್ಣಕ್ಕೇ ಬಂದಿವೆ; ಅವುಗಳೊಳಗೆ ಬಂಡೆಯ ಮೇಲಿರುವ ಅದೇ ಹಾವಸೆ ಬೆಳೆದಿದೆ. ಅವನ್ನು ಮನುಷ್ಯ ಮಾಡಿದ್ದು ನಿಜ. ಆಮೇಲೆ ಎರಡು ಸಾವಿರ ವರ್ಷ ಅವನ್ನು ಸಾಕಿದ್ದು ಗುಡ್ಡ. ಹಾಗಾದರೆ ಅವು ಯಾರ ಮಕ್ಕಳು? ನನ್ನ ಪ್ರಬಂಧದ ಎರಡು ಭಾಗಗಳಲ್ಲಿ ಯಾವುದಕ್ಕೆ ಸೇರಿಸಲಿ? ಅಜ್ಜಿ ಹೇಳಿದ್ದು ಸುಳ್ಳೆಂದು ಈಗಲೂ ಗೊತ್ತು, ನಾನು ಹೇಳಿದ್ದು ನಿಜವೆಂದೂ ಗೊತ್ತು. ಆದರೆ ಅವಳ ಸುಳ್ಳಿನಲ್ಲಿ ಕಲ್ಲೂ ಅಕ್ಷರವೂ ಹೆಣ್ಣೂ ಒಂದೇ ಮನೆಯಲ್ಲಿದ್ದವು. ನನ್ನ ನಿಜದಲ್ಲಿ ಒಂದೊಂದೂ ಒಂದೊಂದು ಕಡೆ ಬಿದ್ದಿದೆ, ನಾನೂ ಸೇರಿದಂತೆ.

ಅಂದಿನಿಂದ ಅಜ್ಜಿ ಗುಂಡಿನ ಹತ್ತಿರ ಹೋಗಲಿಲ್ಲ. ನಡುವೆ ಒಂದು ಹೆರಿಗೆ ಆಯಿತು, ನೀರಿಲ್ಲದೆಯೇ, ತಾಯಿ ಮಗು ಇಬ್ಬರೂ ಚೆನ್ನಾಗಿದ್ದರು. ನೋಡಿದೆಯಾ, ನೀರಿನಿಂದ ಏನೂ ಇರಲಿಲ್ಲ, ಎಂದು ಅಕ್ಕನಿಗೆ ಹೇಳಿದೆ. ಅಕ್ಕ ತಲೆಯಾಡಿಸಿದಳು. ಆದರೆ ದಿನ ಹತ್ತಿರ ಬಂದ ಹಾಗೆಲ್ಲ ಅವಳು ಮಾತು ಕಡಿಮೆ ಮಾಡಿದಳು. ಒಮ್ಮೆ, ನನಗೆ ಮಜ್ಜಿಗೆ ಬಡಿಸುತ್ತಾ, "ಕುಟಿಗನ್ನ ಕರೆದು ತೋರಿಸ್ದೆ ಇದ್ದಿದ್ರೆ ಆಗ್ತಿರ್ಲಿಲ್ವೇನೋ ತಮ್ಮಾ?" ಎಂದಳು. ನಾನು, ಅಕ್ಕಾ ನೀನೂ ಅವಳ ಹಾಗೆಯೇ ಆದೆಯಾ, ಎಂದು ಗದರಿದೆ. ನನ್ನನ್ನು ಸಾಕಿದವಳನ್ನು ಗದರಿದೆ.

ನೋವು ಶುರುವಾದದ್ದು ಒಂದು ಬೆಳಿಗ್ಗೆ, ದನ ಹೊರಟ ಹೊತ್ತಿಗೆ. ಅಜ್ಜಿ ಬಂದಳು, ಬರಿಗೈಯಲ್ಲಿ. ಆ ದಿನ ಕಳೆಯಿತು, ಮರುದಿನದ ಬೆಳಗೂ ಬಂತು, ಹೆರಿಗೆಯಾಗಲಿಲ್ಲ. ಭಾವ ಗಾಡಿ ಕಟ್ಟಿಕೊಂಡು ಡಾಕ್ಟರನ್ನು ಕರೆತರಲು ಮೊಳಕಾಲ್ಮೂರಿಗೆ ಹೋದರು. ಡಾಕ್ಟರು ಬಂದೇ ಬರುತ್ತಾರೆಂದು ನಾನು ಎಲ್ಲರಿಗೂ ಧೈರ್ಯ ಹೇಳಿದೆ. ಭಾವ ಹೋಗುವ ಹೊತ್ತಿಗೆ ಅವರು ಪ್ಲೇಗು ಬಿದ್ದ ಊರುಗಳಿಗೆ ಹೋಗಿದ್ದರಂತೆ. ಅದು ನಮಗೆ ತಿಳಿದದ್ದು ಎಲ್ಲ ಮುಗಿದ ಮೇಲೆ.

ಗಂಡಸರು ಹೆರಿಗೆಯ ಕೋಣೆಗೆ ಹೋಗುವ ಹಾಗಿಲ್ಲ. ನಾನು ಹೊರಗೆ ಪಡಸಾಲೆಯಲ್ಲಿ ತಿರುಗುತ್ತಿದ್ದೆ. ಮಧ್ಯಾಹ್ನದ ಹೊತ್ತಿಗೆ ಅಕ್ಕನ ಅತ್ತೆ ಹೊರಗೆ ಬಂದು ಸೆರಗಿನಿಂದ ಕಣ್ಣೊರೆಸಿಕೊಳ್ಳುತ್ತಾ, "ನೀರು ಕೇಳ್ತಾಳಪ್ಪಾ, ಗುಂಡಿನ ನೀರು. ಅಜ್ಜಿ ತರಾಕಿಲ್ಲ ಅಂತಾಳೆ," ಎಂದರು.

ನಾನು ತಂಬಿಗೆ ಹಿಡಿದು ಓಡಿದೆ. ಕಲ್ಲು ಹೆರುತ್ತದೆಂಬುದನ್ನು ಉಳಿ ಹೊಡೆಸಿ ಸುಳ್ಳು ಮಾಡಿದವನು, ಉರಿಬಿಸಿಲಿನಲ್ಲಿ ಚಪ್ಪಲಿ ಇಲ್ಲದೆ ಓಡಿದೆ. ಹಳ್ಳದಲ್ಲಿ ನೀರು ತುಂಬಿ, ಅಕ್ಷರದ ಮೇಲೆ ಹುಯ್ದೆ. ಬಂಡೆ ಕಾದು ಸುಡುತ್ತಿತ್ತು. ಅರ್ಧ ನೀರು ಕುಳಿಗಳಲ್ಲಿಯೇ ಆವಿಯಾಯಿತು, ಇನ್ನರ್ಧ ನನಗೆ ಎಲೆ ಹಿಡಿಯಲು ಬರದೆ ಮಣ್ಣಿಗೆ ಹೋಯಿತು. ಮೂರು ಸಲ ಹಳ್ಳಕ್ಕೆ ಹೋಗಿ ಬಂದ ಮೇಲೆ ತಂಬಿಗೆಯ ತಳದಲ್ಲಿ ನಾಲ್ಕು ಗುಟುಕು ನೀರು ನಿಂತಿತು. ಅದನ್ನು ಹಿಡಿದು ಬಂದೆ.

ಅಜ್ಜಿ ಬಾಗಿಲಿಗೆ ಬಂದು ತಂಬಿಗೆಯೊಳಗೆ ನೋಡಿದಳು. ಅವಳ ಮುಖದಲ್ಲಿ ಸಿಟ್ಟಿರಲಿಲ್ಲ. "ನಾನು ಇದನ್ನ ಕುಡಿಸಾಕಿಲ್ಲ ಮೇಷ್ಟ್ರೇ. ಗಾಯದ ನೀರು ಇದು. ಹೆರೋಳಿಗೆ ಗಾಯದ ನೀರು ಕೊಟ್ರೆ ನಾನು ಸೂಲಗಿತ್ತಿನಾ?"

"ಕೊಡು ಅಜ್ಜಿ, ನಿನ್ನ ಕಾಲು ಹಿಡೀತೀನಿ."

"ಕಾಲು ಹಿಡಿದ್ರೆ ಕಲ್ಲು ಬದಲಾಗ್ತೈತಾ? ನೀವೇ ತೋರಿಸಿದ್ರಲ್ಲ, ನಾನೇ ಬೆರಳಿಟ್ಟು ಮುಟ್ಟಿ ನೋಡ್ದೆನಲ್ಲ."

ಒಳಗಿನಿಂದ ಅಕ್ಕ ನನ್ನನ್ನು ಕರೆದಳು. ನಾನು ಹೊಸ್ತಿಲಿನ ಹೊರಗೆ, ಒಳಗೆ ಬೆನ್ನು ಮಾಡಿ ನಿಂತೆ. ಅವಳ ದನಿ ಸಣ್ಣಗಾಗಿತ್ತು, ಆದರೆ ಪ್ರತಿಯೊಂದು ಮಾತೂ ಕೇಳಿಸಿತು.

"ತಮ್ಮಾ, ಕಲ್ಲೇ ಹೆತ್ತಿದ್ದು ಅಂತ ಹೇಳೋ. ನೀನು ಹೇಳಿದ್ರೆ ಅಜ್ಜಿನೂ ನಂಬ್ತಾಳೆ, ನಾನೂ ನಂಬ್ತೀನಿ."

"ಅಕ್ಕಾ, ಡಾಕ್ಟ್ರು ಬರ್ತಾರೆ. ಧೈರ್ಯ ತಗೋ."

"ನಾನು ಡಾಕ್ಟ್ರನ್ನ ಕೇಳ್ಲಿಲ್ಲ. ಒಂದ್ಸಲ ಹೇಳೋ."

ಎರಡೇ ಮಾತು. ಹೇಳಬಹುದಿತ್ತು. ನಿಜ ಹೇಳಬೇಕೆಂಬ ವ್ರತ ನನ್ನ ಬಾಯಿ ಕಟ್ಟಿತೆಂದು ಬಹಳ ವರ್ಷ ನನಗೆ ನಾನೇ ಹೇಳಿಕೊಂಡೆ. ಅದು ಸುಳ್ಳು. ಬಾಗಿಲಲ್ಲಿ ಅಜ್ಜಿ ನಿಂತಿದ್ದಳು, ಪಕ್ಕದಲ್ಲಿ ಅಕ್ಕನ ಅತ್ತೆ, ಪಡಸಾಲೆಯಲ್ಲಿ ನೆರೆಮನೆಯವರು. ಅವರೆಲ್ಲರ ಎದುರಿಗೆ ನಾನು ಸೋತೆನೆಂದು ಒಪ್ಪಿಕೊಳ್ಳಲು ನಾಚಿಕೆಯಾಯಿತು. ಅಷ್ಟೇ ಇದ್ದದ್ದು. ಹೊಸ ಕಾಲ, ಹಳೆ ಕಾಲ, ತಿಳಿವಳಿಕೆ, ಮೌಢ್ಯ ಎಂದು ಏನೇನು ದೊಡ್ಡ ಮಾತು ಕಲಿತಿದ್ದೆನೋ, ಅವೆಲ್ಲದರ ಕೆಳಗೆ ಆ ಹೊತ್ತಿನಲ್ಲಿ ಸಿಕ್ಕಿದ್ದು ಇಪ್ಪತ್ತೆರಡು ದಾಟಿದ ಒಬ್ಬನ ಮರ್ಯಾದೆಯ ಪ್ರಶ್ನೆ. ನಾನು ಸುಮ್ಮನೆ ನಿಂತೆ. ಅಕ್ಕ ಇನ್ನೊಂದು ಸಲ ಕೇಳಲಿಲ್ಲ.

ಸ್ವಲ್ಪ ಹೊತ್ತಾದ ಮೇಲೆ ಅಜ್ಜಿ ಒಳಗೆ ಕೂಗುವುದು ಕೇಳಿಸಿತು. ಬಲ ಹಾಕು ತಾಯಿ, ಬಲ ಹಾಕು, ಬಿಡಬೇಡ. ಆ ಕೂಗು ಬಹಳ ಹೊತ್ತು ನಡೆಯಿತು. ಅಕ್ಕನ ದನಿ ಬರಲಿಲ್ಲ. ಸೂರ್ಯ ಜಟಿಂಗ ರಾಮೇಶ್ವರದ ಬೆಟ್ಟಕ್ಕೆ ಇಳಿಯುವ ಮುಂಚೆ ಮಗು ಅತ್ತಿತು, ಹೆಣ್ಣು ಮಗು. ಅಜ್ಜಿ ತನ್ನ ಕೈಯಿಂದ ಸಾಧ್ಯವಿದ್ದದ್ದನ್ನೆಲ್ಲ ಮಾಡಿ ಅದನ್ನು ಬದುಕಿಸಿದ್ದಳು. ಅಕ್ಕನ ರಕ್ತ ನಿಲ್ಲಲಿಲ್ಲ. ಆ ನೀರು ಕುಡಿದಿದ್ದರೆ ರಕ್ತ ನಿಲ್ಲುತ್ತಿತ್ತೆಂದು ನಾನು ಹೇಳುವುದಿಲ್ಲ. ನೀರು ನೀರೇ. ಆದರೆ ಎರಡು ಸಲ ಅವಳು ಆ ಕೋಣೆಯೊಳಗೆ ಒಂದು ದೊಡ್ಡ ಬಂಡೆಯನ್ನು ಜೊತೆಗಿಟ್ಟುಕೊಂಡು ಹೋಗಿದ್ದಳು. ಮೂರನೆಯ ಸಲ ಅವಳನ್ನು ಒಬ್ಬಳನ್ನೇ ಕಳಿಸಿದವನು ನಾನು.

ಅವಳು ಕೇಳಿದ ಮಾತನ್ನು ನಾನು ಹೇಳದೆ ಇರಲಿಲ್ಲ. ಮಗುವಿನ ಅಳು ನಿಂತ ಮೇಲೆ, ಒಳಗೆ ಹೆಂಗಸರು ಬಾಯಿ ಬಡಿದುಕೊಳ್ಳತೊಡಗಿದ ಮೇಲೆ, ಬಾಗಿಲ ಚೌಕಟ್ಟಿಗೆ ಹಣೆ ಹಚ್ಚಿ ಹೇಳಿದೆ. ಕಲ್ಲೇ ಹೆತ್ತದ್ದು ಅಕ್ಕಾ, ಕಲ್ಲೇ ಹೆತ್ತದ್ದು. ಆಗ ಅಲ್ಲಿ ಎಷ್ಟು ಜನ ಇದ್ದರೋ ನನಗೆ ನೆನಪಿಲ್ಲ.

ಕರ್ಮಗಳೆಲ್ಲ ಮುಗಿದು ಮತ್ತೆ ಶಾಲೆ ತೆರೆದೆ. ಮೂರನೆಯ ದಿನವೋ ನಾಲ್ಕನೆಯ ದಿನವೋ, ಪಾಠದ ನಡುವೆ, ಅಜ್ಜಿ ಮಂಟಪದ ಮೆಟ್ಟಿಲ ಮೇಲೆ ಬಂದು ಕೂತಳು. ಮಗು ಹೇಗಿದೆಯೆಂದು ಕೇಳಿದೆ. ನೆರೆಮನೆಯ ಬಾಣಂತಿ ಹಾಲು ಕೊಡ್ತಾಳೆ, ಕುಡೀತೈತೆ, ಎಂದಳು. ಆಮೇಲೆ, "ಆವತ್ತು ಓದಿದ್ರಲ್ಲ, ಆ ಪುಸ್ತಕ ಐತಾ?" ಎಂದಳು.

ಇತ್ತು. ಮೇಜಿನಿಂದ ತೆಗೆದೆ.

"ಓದ್ರಿ. ಪೂರ್ತಿ ಓದ್ರಿ."

ನಾನು ಓದಿದೆ. ದೊರೆಯ ಮಾತು, ತಂದೆ ತಾಯಿಯ ಮಾತು, ದಯೆಯ ಮಾತು, ನಿಜದ ಮಾತು, ಗುರುವಿನ ಮಾತು, ಕೊನೆಗೆ ಬರೆದವನ ಹೆಸರು. ಅಜ್ಜಿ ತಲೆ ಬಗ್ಗಿಸಿ, ಒಂದೊಂದು ಮಾತಿಗೂ ಬೆರಳು ಮಡಿಸುತ್ತಾ ಕೇಳಿದಳು.

"ಹೆರೋ ಹೆಂಗಸಿಗೆ ಏನಾರ ಹೇಳೈತಾ?"

"ಇಲ್ಲ ಅಜ್ಜಿ."

"ಅಷ್ಟು ಅಕ್ಷರದಾಗ ಒಂದೂ ಇಲ್ವಾ? ಸರಿಯಾಗಿ ನೋಡ್ರಿ."

ನಾನು ಇನ್ನೊಂದು ಸಲ ಮೊದಲಿಂದ ಕೊನೆಯವರೆಗೆ ನೋಡಿದೆ. ನನಗೆ ಗೊತ್ತಿದ್ದೂ ನೋಡಿದೆ. "ಇಲ್ಲ," ಎಂದೆ.

ಅವಳು ಮಡಿಸಿದ್ದ ಬೆರಳುಗಳನ್ನು ಬಿಡಿಸಿದಳು. "ಪಕ್ಕದೂರಿಂದ ಹೇಳಿ ಕಳಿಸ್ಯಾರೆ. ಚೊಚ್ಚಲು, ಸಣ್ಣ ಹುಡುಗಿ, ಬಾಳ ಹೆದರ್ಕಂಡೈತಂತೆ. ಇನ್ನು ಮ್ಯಾಲೆ ನಾನು ಏನು ತಗಂಡು ಹೋಗ್ಲಿ ಮೇಷ್ಟ್ರೇ?"

ಅವಳು ಚುಚ್ಚಿ ಮಾತಾಡುತ್ತಿರಲಿಲ್ಲ. ಗೊತ್ತಿದ್ದವರನ್ನು ಕೇಳುವ ಹಾಗೆ ಕೇಳಿದಳು, ಉತ್ತರ ಬರುತ್ತದೆಂದು ನನ್ನ ಮುಖ ನೋಡುತ್ತಾ ಕೂತಳು. ಮಕ್ಕಳೂ ನನ್ನ ಮುಖವನ್ನೇ ನೋಡುತ್ತಿದ್ದರು. ನಾನು ಪುಸ್ತಕ ಮುಚ್ಚಿ ಅವಳ ಕಡೆ ಬೆನ್ನು ತಿರುಗಿಸಿದೆ. ಎರಡರ ಮಗ್ಗಿ ಹೇಳಿ ಎಂದು ಮಕ್ಕಳಿಗೆ ಹೇಳಿದೆ.